ದರ್ಬಾರಿನ ರೀಲುಗಳು ಮತ್ತು ಗರಗದ ನೂಲು

ಗತಕಾಲದ ಸಂಗತಿಗಳನ್ನು ನಾವು ಬಹುಕಾಲ ಶಾಸನಗಳಿಂದ, ಫರ್ಮಾನುಗಳಿಂದ, ಹಿರಿಯರ ಬಾಯಿಮಾತಿನಿಂದ ಅರಿಯುತ್ತ ಬಂದಿದ್ದೇವೆ. ಹತ್ತೊಂಬತ್ತನೆಯ ಶತಮಾನದ ಕೊನೆಯ ವರ್ಷಗಳಲ್ಲಿ ಈ ಸಾಕ್ಷಿಗಳ ಸಾಲಿಗೆ ಇನ್ನೊಂದು ಸೇರಿತು. ಅದು ಚಲಿಸುವ ಚಿತ್ರ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಎಂಬ ಲಂಡನ್ನಿನ ಸಂಸ್ಥೆಯು 1899ರಿಂದ 1947ರವರೆಗೆ ಭಾರತದಲ್ಲಿ ತೆಗೆದ ಅನೇಕ ಚಿತ್ರಸುರುಳಿಗಳನ್ನು 2017ರಲ್ಲಿ ಅಂತರ್ಜಾಲದಲ್ಲಿ ಉಚಿತವಾಗಿ ತೆರೆದಿಟ್ಟಿತು. ಆನೆಗಳ ಸಾಲು, ಅಂಬಾರಿ, ಕುದುರೆ ಸವಾರರು, ಶಾಮಿಯಾನದ ಕೆಳಗೆ ಕಿರೀಟ ಧರಿಸಿದ ದೊರೆ, ಅವನ ಮುಂದೆ ಬಾಗುವ ರಾಜರು ಮತ್ತು ನವಾಬರು, ಇವೆಲ್ಲವೂ ಈಗ ನಮ್ಮ ಮಕ್ಕಳ ಕೈಯಲ್ಲಿರುವ ಮೊಬೈಲಿನಲ್ಲಿ ಶಬ್ದವಿಲ್ಲದೆ ಹಾದುಹೋಗುತ್ತವೆ.

ನೋಡಿದವರ ಬಾಯಿಂದ ಮೊದಲು ಹೊರಡುವ ಮಾತು ‘ಎಂಥ ವೈಭವ!’ ಎಂಬುದು. ಆ ಚಿತ್ರಗಳನ್ನು ತೆಗೆಸಿದವರ ಉದ್ದೇಶವೂ ಅದೇ ಆಗಿತ್ತು. ನೂರು ವರ್ಷಗಳ ಬಳಿಕವೂ ಅವರು ಬಯಸಿದ ಮಾತೇ ನಮ್ಮ ಬಾಯಿಂದ ಬರುತ್ತಿದೆಯೆಂದರೆ, ಆ ದೃಶ್ಯಗಳನ್ನು ನಾವು ಇನ್ನಷ್ಟು ಎಚ್ಚರದಿಂದ ನೋಡಬೇಕಾಗಿದೆ. ಧಾರವಾಡ ತಾಲೂಕಿನ ಗರಗದಂತಹ ಒಂದು ಊರಿನಲ್ಲಿ ನಿಂತು ದೆಹಲಿಯ ದರ್ಬಾರನ್ನು ನೋಡಿದರೆ ಏನು ಕಾಣುತ್ತದೆ, ಏನು ಕಾಣುವುದಿಲ್ಲ ಎಂಬುದನ್ನು ಈ ಲೇಖನದಲ್ಲಿ ವಿಚಾರಿಸೋಣ.

ಬರಗಾಲದ ನಡುವಿನ ಸಂಭ್ರಮ

‘ದರ್ಬಾರ್’ ಎಂಬುದು ಬ್ರಿಟಿಷರ ಶಬ್ದವಲ್ಲ. ಫಾರ್ಸಿಯಿಂದ ಬಂದ ಈ ಶಬ್ದವನ್ನೂ ಅದರ ಹಿಂದಿನ ಪದ್ಧತಿಯನ್ನೂ ಅವರು ಮೊಗಲರಿಂದ ಎರವಲು ಪಡೆದರು. 1877ರ ಜನವರಿ 1ರಂದು ವೈಸರಾಯ್ ಲಾರ್ಡ್ ಲಿಟ್ಟನ್ ದೆಹಲಿಯಲ್ಲಿ ಮೊದಲ ಸಾಮ್ರಾಜ್ಯ ದರ್ಬಾರನ್ನು ನೆರವೇರಿಸಿ, ವಿಕ್ಟೋರಿಯಾ ರಾಣಿಯನ್ನು ಭಾರತದ ಚಕ್ರವರ್ತಿನಿಯೆಂದು ಸಾರಿದನು. ಅದೇ ದಿನಗಳಲ್ಲಿ ನಮ್ಮ ದಕ್ಷಿಣದಲ್ಲಿ ಏನು ನಡೆದಿತ್ತು? 1876ರಿಂದ 1878ರವರೆಗಿನ ಮಹಾಕ್ಷಾಮ ಅದು. ಧಾತು ಮತ್ತು ಈಶ್ವರ ಸಂವತ್ಸರಗಳ ಬರವೆಂದು ಕನ್ನಡ ನಾಡು ಅದನ್ನು ನೆನಪಿನಲ್ಲಿಟ್ಟುಕೊಂಡಿದೆ. ಮೈಸೂರು ಸಂಸ್ಥಾನವೊಂದರಲ್ಲೇ ಸುಮಾರು ಹತ್ತು ಲಕ್ಷ ಜನರು ಅಸುನೀಗಿದರೆಂಬ ಅಂದಾಜಿದೆ. ಧಾರವಾಡ, ಬಿಜಾಪುರ, ಬಳ್ಳಾರಿ ಸೀಮೆಗಳಲ್ಲಿಯೂ ಹಳ್ಳಿಗಳು ಬರಿದಾದವು. ಕಪ್ಪು ಮಣ್ಣಿನ ಹೊಲಗಳಲ್ಲಿ ಜೋಳದ ತೆನೆಯಿಲ್ಲದಿದ್ದಾಗ ದೆಹಲಿಯ ಬಯಲಿನಲ್ಲಿ ದಿನಗಟ್ಟಲೆ ಔತಣಗಳು ಸಾಗಿದವು.

ಆ ದರ್ಬಾರಿನ ಕಾಲಕ್ಕೆ ಚಲನಚಿತ್ರವೇ ಹುಟ್ಟಿರಲಿಲ್ಲ. ಆದುದರಿಂದ ಅದರ ರೀಲು ಇಲ್ಲ. ಆದರೆ ಮುಂದೆ ಬಂದ ಎರಡು ದರ್ಬಾರುಗಳ ಬೀಜ ಅಲ್ಲಿಯೇ ಇತ್ತು. ಆಳುವವನು ಕಣ್ಣಿಗೆ ಕಾಣಬೇಕು, ಭವ್ಯವಾಗಿ ಕಾಣಬೇಕು, ಹಸಿದವನೂ ತನ್ನ ಹಸಿವನ್ನು ಮರೆತು ನೋಡುವಂತೆ ಕಾಣಬೇಕು ಎಂಬ ನಂಬಿಕೆಯೇ ಆ ಬೀಜ.

ಕ್ಯಾಮೆರಾ ಬಂದುದು

1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ಸ್ ಹೋಟೆಲಿನಲ್ಲಿ ಫ್ರಾನ್ಸಿನ ಲೂಮಿಯೇರ್ ಸಹೋದರರ ಚಿತ್ರಗಳನ್ನು ತೋರಿಸಲಾಯಿತು. ಭಾರತದಲ್ಲಿ ನಡೆದ ಮೊದಲ ಚಲನಚಿತ್ರ ಪ್ರದರ್ಶನವೆಂದು ಅದು ಪ್ರಸಿದ್ಧವಾಗಿದೆ. ಮುಂಬಯಿಯ ಛಾಯಾಗ್ರಾಹಕ ಹರಿಶ್ಚಂದ್ರ ಸಖಾರಾಮ ಭಾಟವಡೇಕರರು ತಾವೂ ಒಂದು ಕ್ಯಾಮೆರಾ ತರಿಸಿಕೊಂಡು ಕುಸ್ತಿ ಪಂದ್ಯವನ್ನೂ, ಇಂಗ್ಲೆಂಡಿನಲ್ಲಿ ಗಣಿತದ ಉನ್ನತ ಪದವಿ ಪಡೆದು 1901ರಲ್ಲಿ ಮರಳಿದ ರ್‍ಯಾಂಗ್ಲರ್ ಪರಾಂಜಪೆಯವರ ಸ್ವಾಗತವನ್ನೂ ಚಿತ್ರಿಸಿದರು. ಒಬ್ಬ ಭಾರತೀಯನ ಕಣ್ಣು ಮೊದಲು ಹೋದುದು ಕುಸ್ತಿಪಟುಗಳ ಕಡೆಗೆ, ವಿದ್ಯಾವಂತನಾಗಿ ಮನೆಗೆ ಮರಳಿದ ತನ್ನ ನಾಡಿನ ಮಗನ ಕಡೆಗೆ ಎಂಬುದು ಗಮನಾರ್ಹವಾಗಿದೆ.

ಎರಡನೆಯ ದರ್ಬಾರು 1903ರ ಜನವರಿ 1ರಂದು ನಡೆಯಿತು. ಏಳನೆಯ ಎಡ್ವರ್ಡ್ ದೊರೆ ಸ್ವತಃ ಬರಲಿಲ್ಲ. ತಮ್ಮನಾದ ಡ್ಯೂಕ್ ಆಫ್ ಕನಾಟ್‌ನನ್ನು ಕಳುಹಿಸಿದನು. ಸಮಾರಂಭದ ಕೇಂದ್ರದಲ್ಲಿ ವೈಸರಾಯ್ ಲಾರ್ಡ್ ಕರ್ಜನ್ ಇದ್ದನು. 1902ರ ಡಿಸೆಂಬರ್ 29ರಂದು ಆತನು ಆನೆಯ ಮೇಲೆ ದೆಹಲಿಯನ್ನು ಪ್ರವೇಶಿಸಿದ ಮೆರವಣಿಗೆಯನ್ನು ಕ್ಯಾಮೆರಾಗಳು ಸೆರೆಹಿಡಿದವು. ಭಾಟವಡೇಕರರೂ ಈ ದರ್ಬಾರಿನ ದೃಶ್ಯಗಳನ್ನು ಚಿತ್ರಿಸಿದವರಲ್ಲೊಬ್ಬರು. ನಿಂತಲ್ಲೇ ನಿಂತ ಕ್ಯಾಮೆರಾದ ಮುಂದೆ ಆನೆಗಳು ಒಂದರ ಹಿಂದೊಂದು ಹಾದುಹೋಗುತ್ತವೆ. ಬೆನ್ನ ಮೇಲೆ ಕುಳಿತವರನ್ನು ಇತಿಹಾಸದ ಪುಸ್ತಕಗಳು ಹೆಸರು ಹಿಡಿದು ಗುರುತಿಸುತ್ತವೆ. ಆನೆಯ ಪಕ್ಕದಲ್ಲಿ ಬರಿಗಾಲಿನಲ್ಲಿ ಓಡುವವನಿಗೆ ಹೆಸರಿಲ್ಲ.

ಈ ಹಳೆಯ ರೀಲುಗಳ ಬಗ್ಗೆ ಇನ್ನೊಂದು ಪಾಠವನ್ನೂ ಇಲ್ಲಿಯೇ ಹೇಳಬೇಕು. ಭಾರತದಲ್ಲಿ ತೆಗೆದು ಇಂದಿಗೂ ಉಳಿದಿರುವ ಅತ್ಯಂತ ಹಳೆಯ ಚಿತ್ರಗಳಲ್ಲಿ ಒಂದು 1899ರದು. ಅದರ ಶೀರ್ಷಿಕೆ ಕಲ್ಕತ್ತೆಯ ನೋಟವೆಂದು ಹೇಳುತ್ತದೆ. ಆದರೆ ಅದರಲ್ಲಿ ಕಾಣುವ ಘಟ್ಟಗಳು ಕಲ್ಕತ್ತೆಯವಲ್ಲ, ವಾರಾಣಸಿಯವು. ಚಿತ್ರ ಸುಳ್ಳಾಡಲಿಲ್ಲ, ಅದಕ್ಕೆ ಅಂಟಿಸಿದ ಹೆಸರು ತಪ್ಪಾಗಿತ್ತು. ಸುದ್ದಿಯೊಂದು ಬಂದಾಗ ಅದನ್ನು ಪರಿಶೀಲಿಸಿ ನೋಡಿರಿ, ಅರಿಯದೆ ಯಾರಿಗಾದರೂ ಹಾನಿಮಾಡಿ ಪಶ್ಚಾತ್ತಾಪ ಪಡಬೇಡಿರಿ ಎಂಬುದು ಪವಿತ್ರ ಕುರ್‌ಆನಿನ ಸೂರಃ ಹುಜುರಾತ್‌ನ ಉಪದೇಶದ ಸಾರವಾಗಿದೆ. ಆ ಉಪದೇಶ ಬಾಯಿಮಾತಿನ ಸುದ್ದಿಗೆ ಮಾತ್ರ ಸೀಮಿತವಲ್ಲ. ಎಲ್ಲಿಯದೋ ದೃಶ್ಯಕ್ಕೆ ಇನ್ನೆಲ್ಲಿಯದೋ ಹೆಸರು ಹಚ್ಚಿ ಹರಿಬಿಡುವ ಇಂದಿನ ದಿನಗಳಲ್ಲಿ ಅದರ ಅಗತ್ಯ ಹೆಚ್ಚಿದೆ.

1911ರ ಡಿಸೆಂಬರ್

ಮೂರನೆಯ ಹಾಗೂ ಕೊನೆಯ ದರ್ಬಾರು 1911ರ ಡಿಸೆಂಬರ್ 12ರಂದು ನಡೆಯಿತು. ಐದನೆಯ ಜಾರ್ಜ್ ದೊರೆ ರಾಣಿ ಮೇರಿಯೊಡನೆ ಸ್ವತಃ ದೆಹಲಿಗೆ ಬಂದನು. ಸುಮಾರು 25 ಚದರ ಮೈಲಿಗಳ ಬಯಲಿನಲ್ಲಿ ಡೇರೆಗಳ ನಗರವೇ ಎದ್ದಿತು. ಇಂಗ್ಲೆಂಡಿನ ರಾಜಕಿರೀಟವನ್ನು ಆ ದೇಶದ ಹೊರಗೆ ಒಯ್ಯುವಂತಿರಲಿಲ್ಲವಾದ್ದರಿಂದ, ಆರು ಸಾವಿರಕ್ಕೂ ಹೆಚ್ಚು ವಜ್ರಗಳನ್ನು ಕೂರಿಸಿದ ಹೊಸ ಕಿರೀಟವೊಂದನ್ನು ಮಾಡಿಸಲಾಯಿತು. 60,000 ಪೌಂಡುಗಳ ಆ ವೆಚ್ಚವನ್ನು ಭಾರತದ ಬೊಕ್ಕಸವೇ ಭರಿಸಿತು. ದೊರೆಯು ಅದನ್ನು ಧರಿಸಿದ್ದು ಆ ದರ್ಬಾರಿನ ದಿನಗಳಲ್ಲಿ. ಇಂದು ಅದು ಲಂಡನ್ನಿನ ಗೋಪುರದಲ್ಲಿ ಪ್ರದರ್ಶನದ ವಸ್ತುವಾಗಿದೆ.

ಡಿಸೆಂಬರ್ 7ರಂದು ದೊರೆ ದೆಹಲಿ ನಗರವನ್ನು ಪ್ರವೇಶಿಸಿದಾಗ ಒಂದು ವಿಚಿತ್ರ ಸಂಗತಿ ಸಂಭವಿಸಿತು. ಆತನು ಆನೆಯ ಮೇಲೆ ಬರದೆ, ಸೈನ್ಯಾಧಿಕಾರಿಗಳ ನಡುವೆ ಕುದುರೆಯ ಮೇಲೆ ಬಂದನು. ಬೀದಿಯ ಇಕ್ಕೆಲಗಳಲ್ಲಿ ಗಂಟೆಗಟ್ಟಲೆ ಕಾದಿದ್ದ ಜನರಲ್ಲಿ ಅನೇಕರು ಆತನನ್ನು ಗುರುತಿಸಲೇ ಇಲ್ಲ. ಆನೆ, ಅಂಬಾರಿ, ಛತ್ರಿಗಳನ್ನು ತೆಗೆದರೆ ಚಕ್ರವರ್ತಿಯೂ ಕುದುರೆಯೇರಿದ ಇನ್ನೊಬ್ಬ ಮನುಷ್ಯನೇ ಎಂಬುದನ್ನು ದೆಹಲಿಯ ಜನಸಾಮಾನ್ಯರು ಅರಿವಿಲ್ಲದೆಯೇ ಸಾಬೀತುಪಡಿಸಿದರು.

ಬೀದಿಯಲ್ಲಿ ಗುರುತು ಸಿಗದ ದೊರೆಯನ್ನು ಪರದೆಯ ಮೇಲೆ ಜಗತ್ತಿಗೆಲ್ಲ ಗುರುತಿಸಿಕೊಟ್ಟದ್ದು ಸಿನೆಮಾ. ಗೋಮೋಂ, ಪಾಥೆ, ವಾರ್ವಿಕ್ ಮುಂತಾದ ಸಂಸ್ಥೆಗಳ ಕ್ಯಾಮೆರಾಗಳು ಅಲ್ಲಿದ್ದವು. ಅವೆಲ್ಲವನ್ನೂ ಮೀರಿಸಿದವನು ಚಾರ್ಲ್ಸ್ ಅರ್ಬನ್. ಆತನು ‘ಕಿನೆಮಾಕಲರ್’ ಎಂಬ ಬಣ್ಣದ ವಿಧಾನದಿಂದ ಸಮಾರಂಭವನ್ನು ಚಿತ್ರಿಸಿದನು. ಆ ವಿಧಾನದಲ್ಲಿ ಫಿಲ್ಮು ಕಪ್ಪು ಬಿಳುಪಿನದೇ. ಆದರೆ ಕ್ಯಾಮೆರಾದಲ್ಲಿಯೂ ಪ್ರೊಜೆಕ್ಟರಿನಲ್ಲಿಯೂ ಕೆಂಪು ಮತ್ತು ಹಸಿರು ಗಾಜುಗಳು ಸರದಿಯಂತೆ ತಿರುಗುತ್ತಿದ್ದವು. ನೋಡುವವರ ಕಣ್ಣೇ ಎರಡನ್ನೂ ಬೆರೆಸಿಕೊಳ್ಳುತ್ತಿತ್ತು. ಸಾಧಾರಣ ಮೂಕಿಚಿತ್ರಕ್ಕೆ ಸೆಕೆಂಡಿಗೆ ಸುಮಾರು 16 ಚಿತ್ರಗಳು ಸಾಕಾಗಿದ್ದರೆ ಇದಕ್ಕೆ ಅದರ ಇಮ್ಮಡಿ ಬೇಕಿತ್ತು. 1912ರ ಫೆಬ್ರವರಿ 2ರಂದು ಲಂಡನ್ನಿನ ಸ್ಕಾಲಾ ಥಿಯೇಟರಿನಲ್ಲಿ, ತಾಜ್‌ಮಹಲಿನ ಮಾದರಿಯಲ್ಲಿ ಸಿಂಗರಿಸಿದ ರಂಗದ ಮೇಲೆ, ವಾದ್ಯಮೇಳದೊಡನೆ ಆ ಚಿತ್ರ ತೆರೆಕಂಡಿತು. ಪ್ರದರ್ಶನ ಎರಡೂವರೆ ಗಂಟೆಗಳಷ್ಟು ದೀರ್ಘವಾಗಿತ್ತು. ನಮ್ಮ ದೇಶದ ಅಧೀನತೆಯು ಇಂಗ್ಲೆಂಡಿನ ಜನರಿಗೆ ಟಿಕೆಟು ಕೊಂಡು ನೋಡುವ ಸಂಜೆಯ ಮನೋರಂಜನೆಯಾಯಿತು.

ಸಿಂಹಾಸನದ ಮುಂದೆ ಕನ್ನಡ ನಾಡು

ಆ ಹೊತ್ತಿನಲ್ಲಿ ಕನ್ನಡ ನಾಡು ಎಲ್ಲಿತ್ತು? ಅದು ಒಂದು ನಾಡಾಗಿ ಎಲ್ಲಿಯೂ ಇರಲಿಲ್ಲ. ಗರಗ, ಧಾರವಾಡ, ಹುಬ್ಬಳ್ಳಿಗಳು ಮುಂಬಯಿ ಪ್ರಾಂತಕ್ಕೆ ಸೇರಿದ್ದವು. ಬಳ್ಳಾರಿಯೂ ದಕ್ಷಿಣ ಕನ್ನಡವೂ ಮದ್ರಾಸಿಗೆ ಸೇರಿದ್ದವು. ಬೀದರ್, ಕಲಬುರಗಿ, ರಾಯಚೂರುಗಳನ್ನು ಹೈದರಾಬಾದಿನ ನಿಜಾಮರು ಆಳುತ್ತಿದ್ದರು. ಮೈಸೂರಿನಲ್ಲಿ ಒಡೆಯರಿದ್ದರು. ಸವಣೂರು, ಮುಧೋಳ, ಜಮಖಂಡಿ, ರಾಮದುರ್ಗಗಳಂತಹ ಚಿಕ್ಕ ಸಂಸ್ಥಾನಗಳು ನಡುನಡುವೆ ಹರಡಿಕೊಂಡಿದ್ದವು.

ದರ್ಬಾರಿನಲ್ಲಿ ರಾಜರು ಒಬ್ಬೊಬ್ಬರಾಗಿ ಬಂದು ಶಾಮಿಯಾನದ ಮುಂದೆ ತಲೆಬಾಗಿಸಿ, ಬೆನ್ನು ತೋರಿಸದೆ ಹಿಮ್ಮುಖವಾಗಿ ಸರಿಯಬೇಕಿತ್ತು. ಮೊದಲು ಬಂದವರು ಅದೇ ವರ್ಷದ ಆಗಸ್ಟಿನಲ್ಲಿ ಪಟ್ಟವೇರಿದ್ದ ನಿಜಾಮ ಮೀರ್ ಉಸ್ಮಾನ್ ಅಲಿ ಖಾನ್. ಬರೋಡೆಯ ಸಯ್ಯಾಜಿರಾವ್ ಗಾಯಕವಾಡರೂ ಮೈಸೂರಿನ ನಾಲ್ವಡಿ ಕೃಷ್ಣರಾಜ ಒಡೆಯರೂ ಮುಂಚೂಣಿಯಲ್ಲಿಯೇ ಇದ್ದರು. ಬೀದರಿನ ರೈತನ ಪರವಾಗಿ ನಿಜಾಮರು ಬಾಗಿದರು, ಮಂಡ್ಯದ ರೈತನ ಪರವಾಗಿ ಒಡೆಯರು ಬಾಗಿದರು. ಗರಗದ ನೇಕಾರನ ಪರವಾಗಿ ಬಾಗಲು ರಾಜನೂ ಇರಲಿಲ್ಲ. ಅವನನ್ನು ನೇರವಾಗಿ ಆಳುವವನೇ ಸಿಂಹಾಸನದ ಮೇಲೆ ಕುಳಿತಿದ್ದನು.

ಗಾಯಕವಾಡರ ಪ್ರಸಂಗವು ಬಹುಪ್ರಸಿದ್ಧವಾಗಿದೆ. ಅವರು ರಾಜೋಚಿತ ಆಭರಣಗಳಿಲ್ಲದೆ ಬಂದರು, ಒಮ್ಮೆ ಮಾತ್ರ ಚುಟುಕಾಗಿ ಬಾಗಿದರು, ಬಳಿಕ ಬೆನ್ನು ತಿರುಗಿಸಿ ಕೋಲು ಹಿಡಿದು ನಡೆದುಹೋದರು ಎಂದು ಬ್ರಿಟಿಷ್ ಪತ್ರಿಕೆಗಳು ಗದ್ದಲವೆಬ್ಬಿಸಿದವು. ಗಾಯಕವಾಡರು ವೈಸರಾಯ್ ಹಾರ್ಡಿಂಜನಿಗೆ ಕ್ಷಮೆ ಕೋರಿ ಪತ್ರ ಬರೆಯಬೇಕಾಯಿತು. ಆ ಕೆಲವು ಕ್ಷಣಗಳನ್ನು ಕ್ಯಾಮೆರಾ ಹಿಡಿದಿಟ್ಟಿದೆ. ಅದು ಉದ್ದೇಶಪೂರ್ವಕ ಧಿಕ್ಕಾರವೋ ಗೊಂದಲವೋ ಎಂದು ಅಂದಿನಿಂದ ಇಂದಿನವರೆಗೆ ವಾದಗಳು ನಡೆದಿವೆ. ನೂರಾರು ರಾಜರು ನಿಯಮದಂತೆ ಬಾಗಿದುದು ಜನರ ನೆನಪಿನಲ್ಲಿ ಉಳಿಯಲಿಲ್ಲ; ಒಬ್ಬರು ಬೆನ್ನು ತಿರುಗಿಸಿದುದು ಉಳಿಯಿತು.

ಇನ್ನೊಂದು ಆಕೃತಿ ನಮ್ಮ ತಾಯಂದಿರ, ಸೋದರಿಯರ ಗಮನಕ್ಕೆ ಬರಬೇಕಾದುದು. ಗೌರವ ಸಲ್ಲಿಸಲು ಬಂದ ಆಳರಸರ ಸಾಲಿನಲ್ಲಿ ಒಬ್ಬರೇ ಒಬ್ಬ ಮಹಿಳೆ ಇದ್ದರು. ಅವರು ಭೋಪಾಲಿನ ನವಾಬ್ ಸುಲ್ತಾನ್ ಜಹಾನ್ ಬೇಗಂ. ಅವರು ಬುರ್ಖಾ ಧರಿಸಿಯೇ ಬಂದರು. ಹಜ್ ಯಾತ್ರೆಯನ್ನು ನೆರವೇರಿಸಿ ಅದರ ವೃತ್ತಾಂತವನ್ನು ಬರೆದವರು, ಹೆಣ್ಣುಮಕ್ಕಳ ಶಿಕ್ಷಣಕ್ಕಾಗಿ ಶ್ರಮಿಸಿದವರು, 1920ರಲ್ಲಿ ಅಲಿಗಢ ಮುಸ್ಲಿಂ ವಿಶ್ವವಿದ್ಯಾನಿಲಯದ ಮೊದಲ ಕುಲಾಧಿಪತಿಯಾದವರು ಅವರೇ. ಎಲ್ಲರ ಮುಖವನ್ನೂ ತೋರಿಸಲು ಹೊರಟ ಕ್ಯಾಮೆರಾ ಅವರ ಮುಖವನ್ನು ಕಾಣಲಿಲ್ಲ. ಅವರನ್ನು ನಾವು ಅರಿಯುವುದು ಅವರ ಕಾರ್ಯಗಳಿಂದ.

ಝರೋಕಾದ ದರ್ಶನ

ದರ್ಬಾರಿನ ಮರುದಿನ, ಡಿಸೆಂಬರ್ 13ರಂದು, ಕೆಂಪು ಕೋಟೆಯಲ್ಲಿ ಇನ್ನೊಂದು ದೃಶ್ಯವನ್ನು ಏರ್ಪಡಿಸಲಾಯಿತು. ದೊರೆ ಮತ್ತು ರಾಣಿ ಕಿರೀಟ ಧರಿಸಿ ಕೋಟೆಯ ಝರೋಕಾದಲ್ಲಿ ಕುಳಿತರು. ಕೆಳಗೆ ಯಮುನೆಯ ಕಡೆಯ ಬಯಲಿನಲ್ಲಿ ನೆರೆದ ಅಪಾರ ಜನಸಮೂಹ ಅವರನ್ನು ನೋಡುತ್ತ ಸಾಗಿತು. ಮೊಗಲ್ ಬಾದಶಹರು ಪ್ರಜೆಗಳಿಗೆ ಕಾಣಿಸಿಕೊಳ್ಳುತ್ತಿದ್ದ ಪದ್ಧತಿಯ ಅನುಕರಣೆ ಇದು.

ಈ ಪದ್ಧತಿಯ ಇತಿಹಾಸವನ್ನು ನಮ್ಮ ಓದುಗರು ತಿಳಿದಿರಬೇಕು. ಅಕ್ಬರನ ಕಾಲದಲ್ಲಿ ಝರೋಕಾ ದರ್ಶನ ನಿತ್ಯದ ಆಚರಣೆಯಾಗಿತ್ತು. ಬಾದಶಹನ ಮುಖ ನೋಡದೆ ಅನ್ನ ಮುಟ್ಟುವುದಿಲ್ಲವೆಂಬ ಜನರೂ ಇದ್ದರೆಂದು ಹೇಳಲಾಗುತ್ತದೆ. ಅರಸನ ಮುಂದೆ ಸಾಷ್ಟಾಂಗ ಎರಗುವ ರೂಢಿಯನ್ನು ಷಾಜಹಾನನು ನಿಲ್ಲಿಸಿದನು. ಸಜ್ದಾ ಅಲ್ಲಾಹನಿಗೆ ಮಾತ್ರ ಸಲ್ಲತಕ್ಕದ್ದೆಂಬುದು ಅದಕ್ಕೆ ಕಾರಣ. ಔರಂಗಜೇಬನು 1668ರ ಸುಮಾರಿಗೆ ಝರೋಕಾ ದರ್ಶನವನ್ನೇ ರದ್ದುಮಾಡಿದನು. ಮನುಷ್ಯನೊಬ್ಬನ ದರ್ಶನ ಪಡೆಯುವುದು ಮನುಷ್ಯಪೂಜೆಗೆ ಸಮೀಪವಾದುದೆಂದು ಆತನು ಭಾವಿಸಿದ್ದನು. ಆ ಅರಸರ ಆಳ್ವಿಕೆಯ ಉಳಿದ ಸಂಗತಿಗಳ ಬಗ್ಗೆ ಯಾರಿಗೆ ಯಾವ ಅಭಿಪ್ರಾಯವೇ ಇರಲಿ, ಈ ಎರಡು ತೀರ್ಮಾನಗಳ ಹಿಂದಿನ ತತ್ವ ಸ್ಪಷ್ಟವಾಗಿದೆ. ಸಿಂಹಾಸನದ ಮೇಲಿರುವವನೂ ಒಬ್ಬ ದಾಸನೇ. ಮೊಗಲರೇ ಕೈಬಿಟ್ಟ ಆಚರಣೆಯನ್ನು ಬ್ರಿಟಿಷರು ಮೊಗಲರ ಹೆಸರಿನಲ್ಲಿ ಪುನಃ ತಂದರು.

ಆ ಕೋಟೆಯ ಗೋಡೆಗಳು ಇನ್ನೊಂದನ್ನೂ ಕಂಡಿದ್ದವು. 1858ರ ಆರಂಭದಲ್ಲಿ, ಅದೇ ಕೋಟೆಯ ದಿವಾನ್-ಎ-ಖಾಸ್‌ನಲ್ಲಿ, ಕೊನೆಯ ಬಾದಶಹ ಬಹಾದುರ್ ಷಾ ಜಫರರ ವಿಚಾರಣೆ ನಡೆದಿತ್ತು. ಎಂಬತ್ತು ದಾಟಿದ ಆ ಮುದುಕನನ್ನು ರಂಗೂನಿಗೆ ಗಡೀಪಾರು ಮಾಡಲಾಯಿತು. 1862ರ ನವೆಂಬರ್ 7ರಂದು ಅಲ್ಲಿಯೇ ಅವರು ತೀರಿಕೊಂಡರು. ಗೋರಿಯ ಗುರುತು ಉಳಿಯದಂತೆ ದಫನ ಮಾಡಲಾಯಿತು. ಅದು ಮತ್ತೆ ಪತ್ತೆಯಾದುದು 1991ರಲ್ಲಿ. ಐವತ್ಮೂರು ವರ್ಷಗಳ ಹಿಂದೆ ಮನೆಯ ಯಜಮಾನನನ್ನು ಅಪರಾಧಿಯೆಂದು ಸಾರಿದ ಅಂಗಳದಲ್ಲಿ ಆಳುವವರು ಅವನ ಉಡುಪನ್ನು ತೊಟ್ಟು ಕುಳಿತಿದ್ದರು. ಯಾವ ರೀಲಿನ ಶೀರ್ಷಿಕೆಯೂ ಇದನ್ನು ಹೇಳುವುದಿಲ್ಲ.

ಕೇಳಿಸದ ಘೋಷಣೆ

ಮೂಕಿಚಿತ್ರಕ್ಕೆ ಧ್ವನಿಯಿಲ್ಲ. ಆದುದರಿಂದ 1911ರ ದರ್ಬಾರಿನ ನಿಜವಾದ ಘಟನೆಯು ಅದರ ಚಿತ್ರಗಳಲ್ಲಿ ಕಾಣುವುದೇ ಇಲ್ಲ. ದೊರೆ ಅಂದು ಎರಡು ಮಹತ್ವದ ಘೋಷಣೆಗಳನ್ನು ಮಾಡಿದನು. ರಾಜಧಾನಿ ಕಲ್ಕತ್ತೆಯಿಂದ ದೆಹಲಿಗೆ ವರ್ಗಾವಣೆಯಾಗುವುದೆಂಬುದು ಒಂದು. 1905ರಲ್ಲಿ ಕರ್ಜನ್ ಮಾಡಿದ್ದ ಬಂಗಾಳದ ವಿಭಜನೆಯನ್ನು ರದ್ದುಪಡಿಸುವುದು ಇನ್ನೊಂದು. ವಿಭಜನೆಯನ್ನು ವಿರೋಧಿಸಿದ್ದ ಸ್ವದೇಶಿ ಚಳವಳಿಗಾರರಿಗೆ ಇದು ವಿಜಯವಾಗಿತ್ತು. ಪೂರ್ವ ಬಂಗಾಳದ ಮುಸ್ಲಿಮರಿಗೆ, ಢಾಕಾದ ನವಾಬ್ ಸಲೀಮುಲ್ಲಾರಂಥವರಿಗೆ, ಇದು ತೀವ್ರ ನಿರಾಸೆಯನ್ನುಂಟುಮಾಡಿತು. ಅವರನ್ನು ಸಮಾಧಾನಪಡಿಸಲು ನೀಡಿದ ಭರವಸೆಯ ಫಲವಾಗಿ 1921ರಲ್ಲಿ ಢಾಕಾ ವಿಶ್ವವಿದ್ಯಾನಿಲಯ ಆರಂಭವಾಯಿತು. ಕೋಟ್ಯಂತರ ಜನರನ್ನು ಕೇಳದೆಯೇ ವಿಭಜಿಸಿ, ಕೇಳದೆಯೇ ಕೂಡಿಸಿದ ಆ ತೀರ್ಮಾನವನ್ನು ಓದಿದ ಧ್ವನಿ ಚಿತ್ರದಲ್ಲಿಲ್ಲ. ಕಿರೀಟವೊಂದು ಮಾತ್ರ ಅಲ್ಲಿ ಹೊಳೆಯುತ್ತದೆ.

ಕ್ಯಾಮೆರಾ ಇಲ್ಲದ ಬೀದಿ

ದೆಹಲಿಯಿಂದ ಈಗ ನಮ್ಮ ಧಾರವಾಡಕ್ಕೆ ಬರೋಣ. ಹತ್ತು ವರ್ಷಗಳಲ್ಲಿ ಕಾಲ ಬದಲಾಗಿತ್ತು. ಖಿಲಾಫತ್ ಮತ್ತು ಅಸಹಕಾರ ಚಳವಳಿಗಳು ಒಂದಾಗಿ ಸಾಗುತ್ತಿದ್ದವು. 1921ರ ಜುಲೈ 1ರಂದು ಧಾರವಾಡದಲ್ಲಿ, ಜಕಣಿಬಾವಿಯ ಬಳಿ, ಸೆರೆಯಂಗಡಿಯ ಮುಂದೆ ಪಿಕೆಟಿಂಗ್ ನಡೆದಾಗ ಪೊಲೀಸರು ಗುಂಡು ಹಾರಿಸಿದರು. ಮೂವರು ಪ್ರಾಣ ತೆತ್ತರು. ಮೂವರೂ ಮುಸ್ಲಿಮರು, ಖಿಲಾಫತ್ ಚಳವಳಿಯ ಕಾರ್ಯಕರ್ತರು. ಸೆರೆ ಕುಡಿಯಬೇಡಿರೆಂದು ಜನರನ್ನು ಬೇಡಿಕೊಳ್ಳುವುದು ಅವರಿಗೆ ರಾಜಕೀಯ ಕರ್ತವ್ಯವೂ ಆಗಿತ್ತು, ಧಾರ್ಮಿಕ ಕರ್ತವ್ಯವೂ ಆಗಿತ್ತು.

ಅದೇ ವರ್ಷದ ನವೆಂಬರ್ 17ರಂದು ದೊರೆಯ ಹಿರಿಯ ಮಗ, ವೇಲ್ಸಿನ ಯುವರಾಜನು, ಮುಂಬಯಿಯಲ್ಲಿ ಬಂದಿಳಿದನು. ಒಂದು ಕಡೆ ಸ್ವಾಗತದ ಕಮಾನುಗಳು, ಇನ್ನೊಂದು ಕಡೆ ಹರತಾಳ ಮತ್ತು ವಿದೇಶಿ ಬಟ್ಟೆಯ ಹೋಳಿ. ಅಂದು ಭುಗಿಲೆದ್ದ ಗಲಭೆಗಳಲ್ಲಿ ಐವತ್ತಕ್ಕೂ ಹೆಚ್ಚು ಜನರು ಸತ್ತರು. ಆ ಹಿಂಸೆಗೆ ಮನನೊಂದು ಗಾಂಧೀಜಿಯವರು ಉಪವಾಸ ಕೈಗೊಂಡರು. 1922ರ ಜನವರಿಯಲ್ಲಿ ಯುವರಾಜನು ಬೆಂಗಳೂರು, ಮೈಸೂರುಗಳನ್ನೂ ಸಂದರ್ಶಿಸಿದನು. ಆತನ ಪ್ರವಾಸವನ್ನು ಕ್ಯಾಮೆರಾಗಳು ಹಿಂಬಾಲಿಸಿದವು.

ಈ ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ನೋಡಿರಿ. ಯುವರಾಜನು ಹಡಗಿನಿಂದ ಇಳಿದುದು, ಕೈ ಬೀಸಿದುದು, ಕುದುರೆಯೇರಿದುದು ರೀಲಿನಲ್ಲಿದೆ. ಜಕಣಿಬಾವಿಯ ಬಳಿ ಬಿದ್ದ ಮೂವರದ್ದು ಇಲ್ಲ. ಅವರಲ್ಲೊಬ್ಬನು ಮನೆಯಿಂದ ಹೊರಡುವಾಗ ತಾಯಿಗೆ ಏನು ಹೇಳಿ ಹೊರಟನೋ ಅದಕ್ಕೂ ದಾಖಲೆಯಿಲ್ಲ. ಕ್ಯಾಮೆರಾ ಎಲ್ಲಿ ನಿಲ್ಲಬೇಕೆಂಬುದನ್ನು ಅಧಿಕಾರವೇ ನಿರ್ಧರಿಸಿದಾಗ ಇತಿಹಾಸದ ಅರ್ಧಭಾಗ ಮಾತ್ರ ಬೆಳಕಿಗೆ ಬರುತ್ತದೆ. ಉಳಿದರ್ಧವನ್ನು ಕಾಪಾಡುವ ಹೊಣೆ ಆ ಊರಿನವರದು. ಧಾರವಾಡದ ಆ ಮೂವರ ಕಥೆ ನಮ್ಮ ಮಕ್ಕಳಿಗೆ ತಿಳಿದಿದೆಯೇ ಎಂದು ಪ್ರತಿಯೊಂದು ಮನೆಯೂ ಕೇಳಿಕೊಳ್ಳಬೇಕು.

ಹತ್ತಿಯ ಎರಡು ಹಾದಿಗಳು

ಗರಗವು ಧಾರವಾಡದಿಂದ ಇಪ್ಪತ್ತು ಕಿಲೋಮೀಟರಿನ ಒಳಗಿರುವ, ಮಡಿವಾಳೇಶ್ವರರ ಮಠದಿಂದ ಹೆಸರಾದ ಊರು. ಸುತ್ತಲೂ ಹತ್ತಿಯ ಸೀಮೆ. 1840ರ ದಶಕದಿಂದ ಬ್ರಿಟಿಷರು ಇಲ್ಲಿ ಅಮೆರಿಕದ ಹತ್ತಿಯ ತಳಿಯನ್ನು ಬೆಳೆಸಲು ಉತ್ತೇಜಿಸಿದರು. ‘ಧಾರವಾಡ-ಅಮೆರಿಕನ್’ ಎಂಬ ಹೆಸರಿನಿಂದ ಅದು ಪ್ರಸಿದ್ಧವಾಯಿತು. 1861ರಿಂದ 1865ರವರೆಗೆ ಅಮೆರಿಕದ ಅಂತರ್ಯುದ್ಧದಿಂದ ಲ್ಯಾಂಕಾಶೈರಿನ ಗಿರಣಿಗಳಿಗೆ ಹತ್ತಿಯ ಬರ ಬಂದಾಗ ನಮ್ಮ ಸೀಮೆಯ ಹತ್ತಿಗೆ ಬೇಡಿಕೆ ಏರಿತು. ಹತ್ತಿ ಹಡಗೇರಿ ಹೋಯಿತು, ಬಟ್ಟೆಯಾಗಿ ಮರಳಿ ಬಂದು ನಮ್ಮ ನೇಕಾರನ ಮಗ್ಗವನ್ನು ನಿಲ್ಲಿಸಿತು.

ಬಹಳ ಜನರಿಗೆ ತಿಳಿಯದ ಒಂದು ಸಂಗತಿಯಿದೆ. ಆ ಕಾಲದ ಚಿತ್ರಸುರುಳಿಯೂ ಹತ್ತಿಯಿಂದಲೇ ಹುಟ್ಟಿದ್ದು. ಹತ್ತಿಯ ನಾರನ್ನು ನೈಟ್ರಿಕ್ ಮತ್ತು ಸಲ್ಫ್ಯೂರಿಕ್ ಆಮ್ಲಗಳಲ್ಲಿ ಸಂಸ್ಕರಿಸಿ, ಕರ್ಪೂರ ಬೆರೆಸಿ ತಯಾರಿಸುವ ಸೆಲ್ಯುಲಾಯ್ಡೇ ಫಿಲ್ಮಿನ ಪಟ್ಟಿಯಾಗಿತ್ತು. ಅದು ಬೇಗ ಹೊತ್ತಿಕೊಳ್ಳುವ ವಸ್ತು. ಒಮ್ಮೆ ಹೊತ್ತಿದರೆ ನೀರಿನೊಳಗೂ ಉರಿಯುವಂಥದು. ಕಲ್ಕತ್ತೆಯ ಹೀರಾಲಾಲ್ ಸೇನರು 1911ರ ದರ್ಬಾರನ್ನೂ ದೊರೆಯ ಕಲ್ಕತ್ತೆಯ ಭೇಟಿಯನ್ನೂ ಚಿತ್ರಿಸಿದ ಭಾರತೀಯರು. 1917ರ ಅಗ್ನಿ ಅನಾಹುತದಲ್ಲಿ ಅವರ ಚಿತ್ರಗಳೆಲ್ಲ ಬೂದಿಯಾದವು. ಅದೇ ವರ್ಷ ಅವರೂ ತೀರಿಕೊಂಡರು. ಚಾರ್ಲ್ಸ್ ಅರ್ಬನ್ನನ ಎರಡೂವರೆ ಗಂಟೆಗಳ ವರ್ಣವೈಭವದ ಗತಿಯೂ ಭಿನ್ನವಾಗಲಿಲ್ಲ. ಅದರಲ್ಲಿ ಬಹುಭಾಗ ನಷ್ಟವಾಗಿದೆ. ಸೈನ್ಯದ ಕವಾಯತಿನ ಒಂದು ರೀಲು ಬಹಳ ವರ್ಷಗಳ ಬಳಿಕ ರಷ್ಯಾದ ಕ್ರಾಸ್ನೊಗೊರ್ಸ್ಕ್ ಪತ್ರಾಗಾರದಲ್ಲಿ ದೊರೆಯಿತು. ಎಂದೆಂದಿಗೂ ಉಳಿಯಬೇಕೆಂದು ಸಾಮ್ರಾಜ್ಯ ತೆಗೆಸಿದ ಚಿತ್ರವನ್ನು ಕಾಲ ಹೀಗೆ ಚೂರುಚೂರು ಮಾಡಿತು.

ಹತ್ತಿಯ ಇನ್ನೊಂದು ಹಾದಿ ಗರಗದ ಕಡೆಗೆ ಬಂತು. 1924ರ ಡಿಸೆಂಬರಿನಲ್ಲಿ ಬೆಳಗಾವಿಯಲ್ಲಿ ಗಾಂಧೀಜಿಯವರ ಅಧ್ಯಕ್ಷತೆಯಲ್ಲಿ ಕಾಂಗ್ರೆಸ್ ಅಧಿವೇಶನ ಜರುಗಿತು. ಗಾಂಧೀಜಿಯವರು ಅಧ್ಯಕ್ಷರಾದುದು ಆ ಒಂದೇ ಅಧಿವೇಶನಕ್ಕೆ. ಬೆಳಗಾವಿ, ಧಾರವಾಡ ಸೀಮೆಗಳಲ್ಲಿ ಚರಕ ಮತ್ತು ಖಾದಿಯ ಕಾರ್ಯ ಬೇರೂರಿತು. ಸ್ವಾತಂತ್ರ್ಯದ ಬಳಿಕ, 1950ರ ದಶಕದಲ್ಲಿ, ಧಾರವಾಡ ತಾಲೂಕು ಗರಗ ಕ್ಷೇತ್ರೀಯ ಸೇವಾ ಸಂಘವು ರೂಪುಗೊಂಡಿತು. ಮುಂದೆ ಅಲ್ಲಿಯ ಮಗ್ಗಗಳಲ್ಲಿ ರಾಷ್ಟ್ರಧ್ವಜದ ಬಟ್ಟೆ ಸಿದ್ಧವಾಗತೊಡಗಿತು. ಧ್ವಜದ ಬಟ್ಟೆಯೆಂದರೆ ಸಾಮಾನ್ಯ ಬಟ್ಟೆಯಲ್ಲ. 1951ರಲ್ಲಿ ನಿಗದಿಯಾಗಿ 1968ರಲ್ಲಿ ಪರಿಷ್ಕೃತವಾದ ಮಾನಕದಂತೆ ನೂಲಿನ ಎಣಿಕೆ, ತೂಕ, ಬಲ, ಬಣ್ಣದ ಬಾಳಿಕೆಗಳ ಪರೀಕ್ಷೆಯಲ್ಲಿ ಅದು ತೇರ್ಗಡೆಯಾಗಬೇಕು. ಹುಬ್ಬಳ್ಳಿಯ ಬೆಂಗೇರಿಯಲ್ಲಿ ಸಿದ್ಧವಾಗುವ ಧ್ವಜಗಳ ಹೆಸರು ಇಂದು ದೇಶದಲ್ಲೆಲ್ಲ ಕೇಳಿಬರುತ್ತದೆ. ಅದರ ಹಿಂದೆ ಗರಗದಂತಹ ಊರುಗಳ ಮಗ್ಗಗಳಿವೆ. 2021ರ ಡಿಸೆಂಬರಿನಲ್ಲಿ ಧ್ವಜ ಸಂಹಿತೆಯ ತಿದ್ದುಪಡಿಯಿಂದ ಯಂತ್ರದಲ್ಲಿ ನೇಯ್ದ ಪಾಲಿಯೆಸ್ಟರ್ ಧ್ವಜಕ್ಕೂ ಅನುಮತಿ ದೊರೆತ ಮೇಲೆ ಈ ಕೈಗಳ ದುಡಿಮೆಗೆ ಕುತ್ತು ಬಂದಿದೆ ಎಂಬುದನ್ನೂ ಮರೆಯುವಂತಿಲ್ಲ.

ದರ್ಬಾರಿನ ಪಟದಲ್ಲಿ ಗರಗದ ನೇಕಾರನಿಗೆ ಸ್ಥಳವಿರಲಿಲ್ಲ. ಇಂದು ಯಾವುದೇ ಸರಕಾರಿ ಕಚೇರಿಯ ಮೇಲೆ ಖಾದಿಯ ತಿರಂಗಾ ಹಾರುವಾಗ, ಅದರ ಕೆಳಗೆ ನಿಂತು ಅಧಿಕಾರದಲ್ಲಿರುವವರೂ ತಲೆಯೆತ್ತಿ ನೋಡಬೇಕಾಗುತ್ತದೆ. ಹೆಚ್ಚಾಗಿ ಹೆಣ್ಣುಮಕ್ಕಳೇ ಆಗಿರುವ ಆ ನೂಲುವವರ ಹೆಸರು ಅದರ ಮೇಲೆಯೂ ಇಲ್ಲ. ಆದರೆ ಅವರ ದುಡಿಮೆ ಅಲ್ಲಿದೆ.

ನಮಗೆ ಇರುವ ಪಾಠ

ಪವಿತ್ರ ಕುರ್‌ಆನ್ ಕಾರೂನನ ಕಥೆಯನ್ನು ನಮಗೆ ತಿಳಿಸುತ್ತದೆ. ಅವನು ತನ್ನ ಸಕಲ ಆಡಂಬರದೊಡನೆ ಜನರ ಮುಂದೆ ಹೊರಟು ಬಂದಾಗ, ಇಹಲೋಕದ ಮೋಹವಿದ್ದವರು ಅಂಥ ಭಾಗ್ಯ ತಮಗೂ ಇರಬಾರದಿತ್ತೇ ಎಂದು ಹಲುಬಿದರು. ಜ್ಞಾನವಿದ್ದವರು ಅವರನ್ನು ಎಚ್ಚರಿಸಿದರು. ಅವನು ಮನೆಸಮೇತ ನೆಲದಲ್ಲಿ ಹೂತುಹೋದ ಮೇಲೆ, ಹಿಂದಿನ ದಿನ ಹಲುಬಿದವರೇ ಬೆಚ್ಚಿಬಿದ್ದರು. ಒಂದೇ ಮೆರವಣಿಗೆಯನ್ನು ನೋಡುವ ಎರಡು ಬಗೆಯ ಕಣ್ಣುಗಳನ್ನು ಈ ಕಥೆ ತೋರಿಸಿಕೊಡುತ್ತದೆ.

ಇದಕ್ಕೆ ಎದುರಾಗಿ, ನಮ್ಮ ಮನೆಗಳಲ್ಲಿ ತಲೆಮಾರುಗಳಿಂದ ಹೇಳುತ್ತ ಬಂದ ಇನ್ನೊಂದು ಪ್ರವೇಶದ ವೃತ್ತಾಂತವಿದೆ. ಖಲೀಫಾ ಉಮರ್(ರ) ಬೈತುಲ್ ಮುಕದ್ದಸ್‌ಗೆ ಹೋದಾಗ ಸೇವಕನೊಡನೆ ಸರದಿಯಂತೆ ಒಂಟೆಯೇರಿದರು. ನಗರ ಸಮೀಪಿಸಿದಾಗ ಸವಾರಿಯ ಸರದಿ ಸೇವಕನದಾಗಿತ್ತು, ಖಲೀಫರು ತೇಪೆ ಹಾಕಿದ ಉಡುಪಿನಲ್ಲಿ ನಡೆದುಬಂದರು. ತಮಗಾಗಿ ಜನರು ಎದ್ದು ನಿಲ್ಲುವುದನ್ನು ಪ್ರವಾದಿ(ಸ)ರು ಇಷ್ಟಪಡುತ್ತಿರಲಿಲ್ಲವೆಂಬುದನ್ನೂ ನಾವು ಓದಿದ್ದೇವೆ. ಆ ಪ್ರವೇಶವನ್ನು ಹಿಡಿದಿಡಲು ಯಾವ ಕ್ಯಾಮೆರಾವೂ ಇರಲಿಲ್ಲ. ಆದರೂ ಅದು ಸಾವಿರದ ನಾನೂರು ವರ್ಷಗಳಿಂದ ಜನರ ಹೃದಯದಲ್ಲಿದೆ.

ಇಂದು ಪ್ರತಿಯೊಬ್ಬರ ಕೈಯಲ್ಲೂ ಕ್ಯಾಮೆರಾ ಇದೆ, ಪ್ರತಿಯೊಂದು ಮನೆಯಲ್ಲೂ ರೀಲ್ಸ್ ತಯಾರಾಗುತ್ತಿವೆ. ನಮ್ಮ ನಿಕಾಹದ ಸಭಾಂಗಣಗಳನ್ನು ನೋಡಿರಿ. ಸಿಂಹಾಸನದಂತಹ ಕುರ್ಚಿಗಳು, ಮೇಲೆ ಹಾರುವ ಡ್ರೋನ್, ಸಾಲ ಮಾಡಿ ಕಟ್ಟಿಸಿದ ವೇದಿಕೆ. ಒಂದು ಸಂಜೆಯ ಆ ಚಿತ್ರಕ್ಕಾಗಿ ಬಡ ತಂದೆಯೊಬ್ಬನು ವರ್ಷಗಟ್ಟಲೆ ಕಂತು ಕಟ್ಟುತ್ತಾನೆ. ದೆಹಲಿಯ ಕಿರೀಟದ ವೆಚ್ಚವನ್ನು ಅದನ್ನು ಧರಿಸದ ಪ್ರಜೆಗಳು ತೆತ್ತಂತೆ, ಇಲ್ಲಿಯೂ ಆಡಂಬರದ ಬೆಲೆಯನ್ನು ತೆರುವವರು ಬೇರೆಯವರೇ. ಸಾಮ್ರಾಜ್ಯ ಹೋಯಿತು, ದರ್ಬಾರಿನ ಮೋಹ ಮಾತ್ರ ನಮ್ಮಲ್ಲಿ ಉಳಿಯಿತೆಂದಾಗಬಾರದು.

ಅದೇ ಕ್ಯಾಮೆರಾವನ್ನು ಬೇರೆ ಕಡೆಗೆ ತಿರುಗಿಸಲು ನಮಗೆ ಸಾಧ್ಯವಿದೆ. ಮನೆಯಲ್ಲಿರುವ ಅಜ್ಜ ಅಜ್ಜಿಯರನ್ನು ಕೂರಿಸಿ, ಅವರು ಕೇಳಿದ ಬರಗಾಲದ ಮಾತು, ಚಳವಳಿಯ ಮಾತು, ಮಗ್ಗದ ಮಾತು, ಮೊದಲ ಮದ್ರಸಾದ ಮಾತು, ನೆರೆಯ ಮಠದವರೊಡನೆ ಹಂಚಿಕೊಂಡ ಹಬ್ಬದ ಮಾತು ಎಲ್ಲವನ್ನೂ ಅರ್ಧ ಗಂಟೆಯಷ್ಟು ದಾಖಲಿಸಿರಿ. ಊರು, ವರ್ಷ, ಹೆಸರುಗಳನ್ನು ಸರಿಯಾಗಿ ಬರೆದಿಡಿರಿ; ವಾರಾಣಸಿಗೆ ಕಲ್ಕತ್ತೆಯೆಂಬ ಹೆಸರು ಬೀಳದಿರಲಿ. ಹಳೆಯ ಪತ್ರ, ರಸೀದಿ, ಫೋಟೋಗಳನ್ನು ರದ್ದಿಗೆ ಹಾಕುವ ಮುನ್ನ ಒಮ್ಮೆ ಓದಿರಿ. ಮುಂದಿನ ತಲೆಮಾರು ನಮ್ಮನ್ನು ಹುಡುಕಿದಾಗ ದರ್ಬಾರಿನ ಧೂಳು ಮಾತ್ರ ಅವರಿಗೆ ಸಿಗದೆ, ನೂಲಿದವರ, ನೇಯ್ದವರ, ನ್ಯಾಯಕ್ಕಾಗಿ ನಿಂತವರ ಮುಖಗಳೂ ಸಿಗಲಿ.

ಹೊಳೆಯುವುದನ್ನೆಲ್ಲ ಹಿರಿದೆಂದು ಭಾವಿಸದ ಕಣ್ಣನ್ನೂ, ಸತ್ಯಕ್ಕೆ ಸಾಕ್ಷಿ ನುಡಿಯುವ ನಾಲಿಗೆಯನ್ನೂ ಅಲ್ಲಾಹನು ನಮಗೆಲ್ಲ ಅನುಗ್ರಹಿಸಲಿ. ಆಮೀನ್.